ಎರಡನೇ ಕಾಮಿಕ್ ಮತ್ತು ಬೀದಿ ಪರದೆ: ಕಂಪನಿ ನಟರ ಬದುಕಿನ ಬಗ್ಗೆ ಒಂದು ಉತ್ತರ

ಪ್ರಶ್ನೆ: ನನ್ನ ತಾತ 1930ರ ದಶಕದ ಕೊನೆಯಿಂದ ಹಲವು ವರ್ಷ ಹಳೆ ಮೈಸೂರು ಕಡೆಯ ಬೇರೆ ಬೇರೆ ನಾಟಕ ಕಂಪನಿಗಳಲ್ಲಿದ್ದರು. ಅಲ್ಲಿ ‘ಎರಡನೇ ಕಾಮಿಕ್’, ಅಂದರೆ ಎರಡನೇ ಹಾಸ್ಯನಟ, ಆಗಿದ್ದರಂತೆ. ಅವರ ಟ್ರಂಕಿನಲ್ಲಿ ಒಂದು ನೋಟ್‌ಬುಕ್ ಸಿಕ್ಕಿದೆ. ಅದರ ತುಂಬ ಬರೀ ತುಂಡು ಮಾತುಗಳು, ಒಂದಕ್ಕೊಂದು ತಾಳೆಯೇ ಇಲ್ಲ. ಮನೆಯಲ್ಲಿ ಎಲ್ಲರೂ ‘ನಾಟಕದ ಹುಚ್ಚು ಹಿಡಿದು ಹಾಳಾದರು, ಒಂದು ಕಾಸೂ ಉಳಿಸಲಿಲ್ಲ’ ಎನ್ನುತ್ತಾರೆ. ಗುಬ್ಬಿ ವೀರಣ್ಣನವರೂ ಹಾಸ್ಯನಟರೇ ಅಲ್ಲವೇ? ಅವರು ಅಷ್ಟು ಎತ್ತರಕ್ಕೆ ಏರಿದರು, ತಾತ ಏಕೆ ಏರಲಿಲ್ಲ? ಆ ವೃತ್ತಿ ಹೇಗಿತ್ತು? ಈಗ ಯಾರಾದರೂ ಹಾಗೆ ಬದುಕಲು ಸಾಧ್ಯವೇ?

ಉತ್ತರ: ನೋಟ್‌ಬುಕ್‌ನಿಂದಲೇ ಹೊರಡೋಣ. ನಿಮ್ಮ ಕೈಯಲ್ಲಿರುವುದು ಪಾತ್ರದ ಪುಸ್ತಕ. ಇಡೀ ನಾಟಕದ ಪ್ರತಿ ಮಾಲೀಕರ ಪೆಟ್ಟಿಗೆಯಲ್ಲೋ ನಾಟಕದ ಮೇಷ್ಟರ ಬಳಿಯೋ ಭದ್ರವಾಗಿರುತ್ತಿತ್ತು. ನಟನಿಗೆ ಸಿಗುತ್ತಿದ್ದುದು ಅವನ ಪಾಲಿನ ಮಾತು ಮತ್ತು ಹಾಡು, ಜೊತೆಗೆ ಎದುರಿನ ಪಾತ್ರದ ಮಾತಿನ ಕೊನೆಯ ಎರಡು ಮೂರು ಪದ, ಅಷ್ಟೇ. ಪೂರ್ತಿ ನಾಟಕವನ್ನು ಪ್ರತಿಯೊಬ್ಬರಿಗೂ ಕೈಬರಹದಲ್ಲಿ ಇಳಿಸಿಕೊಡುವುದು ಆಗದ ಕೆಲಸ. ಇಳಿಸಿಕೊಟ್ಟರೂ ಅದು ನಾಳೆ ಎದುರಾಳಿ ಕಂಪನಿಯ ಕೈ ಸೇರುವ ಭಯ. ಹೊಸ ನಾಟಕವೆಂದರೆ ಕಂಪನಿಯ ಬಂಡವಾಳ, ಅದನ್ನು ಮಾಲೀಕರು ಚಿನ್ನದಂತೆ ಕಾಯುತ್ತಿದ್ದರು.

ಆದ್ದರಿಂದ ಆ ಪುಟಗಳನ್ನು ಒಬ್ಬರೇ ಕುಳಿತು ಓದಿದರೆ ಏನೂ ತಿಳಿಯುವುದಿಲ್ಲ. ನಾನೇ ಒಂದು ಉದಾಹರಣೆ ಕಟ್ಟಿ ತೋರಿಸುತ್ತೇನೆ. ಪುಟದ ಒಂದು ಬದಿಯಲ್ಲಿ ‘...ಎಲ್ಲಿಗೆ ಹೊರಟೆ?’ ಎಂದಿದೆ. ಅದರ ಕೆಳಗೆ ‘ಸಾಲಗಾರ ಬರುವ ದಾರಿಯೊಂದನ್ನು ಬಿಟ್ಟು ಬೇರೆ ಎಲ್ಲಿಗಾದರೂ’ ಎಂದಿದೆ. ಮೇಲಿನದು ಎದುರಿನವನ ಬಾಲದ ಮಾತು, ಕೆಳಗಿನದು ನಿಮ್ಮ ತಾತನದು. ಎದುರಿನವನು ಆ ಪ್ರಶ್ನೆಗೆ ಬರುವ ಮೊದಲು ಎಷ್ಟು ಮಾತಾಡಿದ, ಏನು ಮಾತಾಡಿದ ಎಂಬುದು ತಾತನ ಪುಸ್ತಕದಲ್ಲಿಲ್ಲ. ಅದನ್ನು ಅವರು ತಾಲೀಮಿನಲ್ಲಿ ಕಿವಿಯಿಂದ ಕಲಿಯಬೇಕಿತ್ತು. ಬಾಲದ ಮಾತಿಗಾಗಿ ಕಿವಿ ತೆರೆದು ಕಾಯುವುದು, ಅದು ಬಿದ್ದ ಕ್ಷಣಕ್ಕೆ ಸರಿಯಾಗಿ ಎತ್ತಿಕೊಳ್ಳುವುದು, ಎದುರಿನವನು ಮಾತು ಮರೆತರೆ ಅವನ ಬಾಯಿಗೆ ಮಾತು ಬರುವಂತೆ ತಾನೇ ಬೇರೊಂದು ಪ್ರಶ್ನೆ ಹಾಕುವುದು: ಇದು ಕಂಪನಿ ನಟನ ಮೊದಲ ವಿದ್ಯೆ. ಇನ್ನೊಬ್ಬರನ್ನು ಎದುರಿಗೆ ಕೂರಿಸಿಕೊಂಡು ಬಾಲದ ಮಾತುಗಳನ್ನು ಅವರಿಂದ ಹೇಳಿಸಿ, ತಾತನ ಮಾತುಗಳನ್ನು ನೀವು ಗಟ್ಟಿಯಾಗಿ ಓದಿ ನೋಡಿ. ನಗು ಎಲ್ಲಿ ಬರುತ್ತಿತ್ತು ಎಂದು ನಿಮಗೇ ಗೊತ್ತಾಗುತ್ತದೆ.

ಕಂಪನಿಯಲ್ಲಿ ನಟರನ್ನು ಪಾರ್ಟುಗಳ ಲೆಕ್ಕದಲ್ಲಿ ಗುರುತಿಸುತ್ತಿದ್ದರು. ರಾಜಾಪಾರ್ಟಿನವರು, ಸ್ತ್ರೀಪಾರ್ಟಿನವರು, ಖಳ ಪಾತ್ರದವರು, ಹಾಸ್ಯದವರು. ಹಾಸ್ಯದವರಲ್ಲಿ ಮೊದಲನೆಯವನಿಗೆ ಕಥೆಯೊಳಗೇ ಜಾಗವಿರುತ್ತಿತ್ತು, ಕರಪತ್ರದಲ್ಲಿ ದಪ್ಪ ಅಕ್ಷರದ ಹೆಸರೂ ಇರುತ್ತಿತ್ತು. ಎರಡನೆಯವನು ಅವನ ಜೋಡಿ. ಕೆಲವೊಮ್ಮೆ ಸೇವಕ, ಕೆಲವೊಮ್ಮೆ ಮಾವ, ಕೆಲವೊಮ್ಮೆ ದಾರಿಹೋಕ. ಮೊದಲನೆಯವನು ಬಿಡುವ ಬಾಣಕ್ಕೆ ಎದೆಯೊಡ್ಡುವವನು ಅವನೇ. ‘ಎರಡನೇ’ ಎಂಬ ಮಾತು ಕೇಳಿದಾಗ ಮನೆಯವರಿಗೆ ಕಡಿಮೆ ದರ್ಜೆ ಎನಿಸಿರಬಹುದು. ಆ ಕೆಲಸ ಏನೆಂದು ತಿಳಿದರೆ ಹಾಗೆ ಅನಿಸಲಾರದು.

ಕಂಪನಿ ನಾಟಕದ ರಂಗವನ್ನು ಒಮ್ಮೆ ಕಣ್ಣ ಮುಂದೆ ತಂದುಕೊಳ್ಳಿ. ಮುಂದೆ ಅಂಕದ ಪರದೆ. ಅದರ ಹಿಂದೆ ಒಂದರ ಹಿಂದೊಂದು ಸುತ್ತಿ ಕಟ್ಟಿದ ಚಿತ್ರದ ಪರದೆಗಳು: ಬೀದಿ, ಕಾಡು, ಉದ್ಯಾನ, ಅರಮನೆ. ಎಲ್ಲಕ್ಕಿಂತ ಹಿಂದೆ ದರ್ಬಾರಿನ ಸೀನು. ಸಿಂಹಾಸನ, ಕಂಬಗಳು, ಮೆಟ್ಟಿಲು, ಕೆಲವು ಕಂಪನಿಗಳಲ್ಲಿ ತಿರುಗುವ ಚಕ್ರ, ಮೇಲಿನಿಂದ ಇಳಿಯುವ ವಿಮಾನ. ದರ್ಬಾರು ಕಿತ್ತು ಕಾಡು ಮಾಡಬೇಕು, ಕಾಡು ಕಿತ್ತು ಕೈಲಾಸ ಮಾಡಬೇಕು. ಇದಕ್ಕೆಲ್ಲ ಆಳು ಬೇಕು, ಸಮಯ ಬೇಕು. ಅಷ್ಟು ಹೊತ್ತು ಅಂಕದ ಪರದೆ ಬಿಟ್ಟು ಜನರನ್ನು ಕತ್ತಲಲ್ಲಿ ಕೂರಿಸಿದರೆ ಸಿಳ್ಳೆ ಶುರುವಾಗುತ್ತದೆ, ಆಮೇಲೆ ಕಲ್ಲು. ಹೀಗಾಗಿ ಕಂಪನಿಯವರು ಒಂದು ಉಪಾಯ ಕಂಡುಕೊಂಡರು. ಆಳದ ದೃಶ್ಯವೊಂದು ಮುಗಿದ ಕೂಡಲೇ ಬೀದಿ ಪರದೆ ಇಳಿಯುತ್ತದೆ. ಅದರ ಮುಂದೆ ಉಳಿಯುವುದು ನಾಲ್ಕು ಹೆಜ್ಜೆ ಅಗಲದ ಜಾಗ. ಆ ಜಾಗಕ್ಕೆ ಹಾಸ್ಯದ ಜೋಡಿ ಬರುತ್ತದೆ. ಹಿಂದೆ ಮೊಳೆ ಹೊಡೆಯುವ ಸದ್ದು, ಹಗ್ಗ ಎಳೆಯುವ ಸದ್ದು, ಮುಂದೆ ನಗು.

ಈ ದೃಶ್ಯಕ್ಕೆ ಇಷ್ಟೇ ಹೊತ್ತು ಎಂಬ ಕಟ್ಟಿಲ್ಲ. ಹಿಂದೆ ಕೆಲಸ ಬೇಗ ಮುಗಿದರೆ ಮಾತನ್ನು ಮೊಟಕು ಮಾಡಿ, ಹಾಡನ್ನು ಒಂದೇ ಚರಣಕ್ಕೆ ನಿಲ್ಲಿಸಿ ಹೊರಡಬೇಕು. ಸಿಂಹಾಸನದ ಕಾಲು ಮುರಿದಿದ್ದರೆ, ರಾಜಾಪಾರ್ಟಿನವರ ಕಿರೀಟ ಸಿಕ್ಕದಿದ್ದರೆ, ಪಕ್ಕದ ರೆಕ್ಕೆಯಿಂದ, ಅಂದರೆ ರಂಗದ ಬದಿಯ ಮರೆಯಿಂದ, ‘ಎಳೆಯಿರಿ’ ಎಂದು ಕೈಸನ್ನೆ ಬರುತ್ತದೆ. ಆಗ ಪುಸ್ತಕದಲ್ಲಿ ಇಲ್ಲದ ಮಾತು ಹುಟ್ಟಬೇಕು. ಮೊದಲನೇ ಕಾಮಿಕ್ ಜನರ ಕಡೆ ಮುಖ ಮಾಡಿರುತ್ತಾನೆ. ರೆಕ್ಕೆಯ ಕಡೆ ಕಣ್ಣಿಟ್ಟು, ಸನ್ನೆ ನೋಡಿ, ಅದನ್ನು ಜನರಿಗೆ ಕಾಣದಂತೆ ಜೋಡಿಗೆ ದಾಟಿಸುವವನು ಎರಡನೆಯವನು. ನಾಟಕದ ಓಟ ಕೆಡದಂತೆ ಕಾಯುವ ಕೆಲಸ ಅವನದು. ಅವನು ಒಂದು ರಾತ್ರಿ ಎಡವಿದರೆ ರಾಜಾಪಾರ್ಟಿನವರ ದರ್ಬಾರು ಅರ್ಧ ಕಟ್ಟಿದ ಕಂಬಗಳ ನಡುವೆ ತೆರೆದುಕೊಳ್ಳುತ್ತದೆ. ನಿಮ್ಮ ತಾತ ವರ್ಷಗಟ್ಟಲೆ ಈ ಕೆಲಸದಲ್ಲಿ ಉಳಿದರು ಎಂದರೆ ಅವರಿಗೆ ಅದು ಚೆನ್ನಾಗಿ ಬರುತ್ತಿತ್ತು ಎಂದೇ ಅರ್ಥ. ಬಾರದವರನ್ನು ಮಾಲೀಕರು ಒಂದು ಕ್ಯಾಂಪಿಗಿಂತ, ಅಂದರೆ ಒಂದು ಊರಿನ ಬಿಡಾರಕ್ಕಿಂತ, ಹೆಚ್ಚು ಇಟ್ಟುಕೊಳ್ಳುತ್ತಿರಲಿಲ್ಲ. ಪಾತ್ರದ ಪುಸ್ತಕದಲ್ಲಿ ಕೆಲವು ಕಡೆ ಮಾತುಗಳೇ ಇಲ್ಲದೆ ಖಾಲಿ ಬಿಟ್ಟ ಜಾಗ ಕಂಡರೆ, ಅದು ಇಂಥ ಬೀದಿ ಪರದೆಯ ದೃಶ್ಯಕ್ಕೆ ಬಿಟ್ಟದ್ದಾಗಿರುವ ಸಾಧ್ಯತೆ ಹೆಚ್ಚು.

ಇನ್ನು ಈ ಲೋಕ ಹುಟ್ಟಿದ ಬಗೆಯನ್ನು ನಾಲ್ಕು ಮಾತಿನಲ್ಲಿ ಹೇಳುತ್ತೇನೆ. 1870ರ ದಶಕದಲ್ಲಿ ಗದಗಿನ ಕಡೆ ಶಾಂತಕವಿಗಳು, ಮರಾಠಿ ನಾಟಕಗಳ ಅಬ್ಬರಕ್ಕೆ ಎದುರಾಗಿ ಕನ್ನಡ ನಾಟಕ ಮಂಡಳಿ ಕಟ್ಟಿದರು. ಮೈಸೂರಿನಲ್ಲಿ ಅರಮನೆಯ ಆಸರೆಯಲ್ಲಿ ನಾಟಕ ಸಭೆ ಬೆಳೆಯಿತು, ಬಸವಪ್ಪ ಶಾಸ್ತ್ರಿಗಳು ಅದಕ್ಕಾಗಿ ಶಾಕುಂತಲವನ್ನು ಕನ್ನಡಕ್ಕೆ ತಂದರು. ಪಾರ್ಸಿ ಕಂಪನಿಗಳಿಂದ ಚಿತ್ರದ ಪರದೆ, ಯಂತ್ರಗಳ ಚಮತ್ಕಾರ ಬಂದವು. 1884ರಲ್ಲಿ ತುಮಕೂರು ಜಿಲ್ಲೆಯ ಗುಬ್ಬಿಯಲ್ಲಿ ಚಂದಣ್ಣ ಮತ್ತು ಅವರ ಗೆಳೆಯರು ಶ್ರೀ ಚನ್ನಬಸವೇಶ್ವರ ಕೃಪಾಪೋಷಿತ ನಾಟಕ ಸಂಘ ಆರಂಭಿಸಿದರು. ಆಮೇಲೆ ವರದಾಚಾರ್ಯರ ರತ್ನಾವಳಿ ಕಂಪನಿ, ಉತ್ತರದಲ್ಲಿ ಕೊಣ್ಣೂರು ಕಂಪನಿ, ಗರುಡ ಸದಾಶಿವರಾಯರ ಕಂಪನಿ, ವಾಮನರಾವ್ ಮಾಸ್ತರರ ಕಂಪನಿ. ನಿಮ್ಮ ತಾತ ಸೇರುವ ಹೊತ್ತಿಗೆ ಕಂಪನಿ ನಾಟಕ ಎರಡು ಮೂರು ತಲೆಮಾರು ಕಂಡಿತ್ತು, ಅದರ ರೀತಿ ರಿವಾಜುಗಳು ಗಟ್ಟಿಯಾಗಿದ್ದವು.

ಸೇರುವುದು ಸಾಮಾನ್ಯವಾಗಿ ಬಾಲ್ಯದಲ್ಲೇ. ಊರಿಗೆ ಬಂದ ಕಂಪನಿಯ ಹಿಂದೆ ಓಡಿಹೋದ ಹುಡುಗರಿದ್ದರು, ಬಡತನಕ್ಕೆ ಹೆತ್ತವರೇ ತಂದು ಬಿಟ್ಟ ಹುಡುಗರಿದ್ದರು. ಬಿ.ವಿ. ಕಾರಂತರು ಬಂಟ್ವಾಳದ ಕಡೆಯ ಮಂಚಿಯಿಂದ ಮನೆ ಬಿಟ್ಟು ಬಂದು ಗುಬ್ಬಿ ಕಂಪನಿ ಸೇರಿದವರು. ಮುಂದೆ ಚಿತ್ರ ನಿರ್ದೇಶಕರಾದ ಜಿ.ವಿ. ಅಯ್ಯರ್ ಎಂಟರ ವಯಸ್ಸಿಗೇ ಅಲ್ಲಿದ್ದರು. ಗಾಯನದಲ್ಲಿ ನಾಡಿಗೆ ನಾಡೇ ತಲೆಬಾಗಿದ ಮಲ್ಲಿಕಾರ್ಜುನ ಮನ್ಸೂರರು ಹುಡುಗನಾಗಿ ವಾಮನರಾವ್ ಮಾಸ್ತರರ ಕಂಪನಿಯಲ್ಲಿ ಬಣ್ಣ ಹಚ್ಚಿದ್ದರು. ಬಂದ ಹುಡುಗನಿಗೆ ಮೊದಲು ಪಾತ್ರವಿಲ್ಲ. ನೀರು ತರಬೇಕು, ಮುಖಕ್ಕೆ ಹಚ್ಚುವ ಅರದಾಳದ ಬಣ್ಣ ಅರೆಯಬೇಕು, ಪರದೆಯ ಹಗ್ಗ ಹಿಡಿಯಬೇಕು, ಬೆಳಿಗ್ಗೆ ಹಾರ್ಮೋನಿಯಂ ಮೇಷ್ಟರ ಮುಂದೆ ಕುಳಿತು ಸ್ವರ ಹಿಡಿಯಬೇಕು. ಆಮೇಲೆ ಬಾಲಕೃಷ್ಣ, ಲೋಹಿತಾಶ್ವ, ಪ್ರಹ್ಲಾದ. ಧ್ವನಿ ಒಡೆಯುವವರೆಗೆ, ಕೆಲವರಿಗೆ ಒಡೆದ ಮೇಲೂ, ಸ್ತ್ರೀಪಾರ್ಟು. ಮೀಸೆ ಮೂಡಿದ ಮೇಲೆ ಮುಂದೇನು ಎಂಬುದು ನಿಜವಾದ ಗಂಡಾಂತರ. ಎತ್ತರ, ಮುಖಲಕ್ಷಣ, ಕಂಠ ಮೂರೂ ಕೂಡಿದವನು ರಾಜಾಪಾರ್ಟಿಗೆ ಹೋದ. ಕಂಠ ಕೈಕೊಟ್ಟ, ಆದರೆ ಮಾತು ಚುರುಕಾಗಿದ್ದ ಹುಡುಗ ಹಾಸ್ಯಕ್ಕೆ ಬಂದ. ನಿಮ್ಮ ತಾತನ ದಾರಿಯೂ ಹೀಗೇ ಇತ್ತೋ ಎಂದು ಮನೆಯ ಹಿರಿಯರನ್ನು ಕೇಳಿ ನೋಡಿ, ಚಿಕ್ಕಂದಿನಲ್ಲಿ ಅವರು ಸೀರೆ ಉಟ್ಟು ಪಾತ್ರ ಮಾಡಿದ ಕಥೆ ಯಾರಿಗಾದರೂ ನೆನಪಿರಬಹುದು.

ಅಂಗವೈಕಲ್ಯಕ್ಕೂ ಆ ಲೋಕದಲ್ಲಿ ಎಡೆ ಇತ್ತು ಎಂಬುದನ್ನು ಇಲ್ಲಿ ಹೇಳಲೇಬೇಕು. ಹಾಸ್ಯನಟ ಬಾಲಕೃಷ್ಣ ಅವರಿಗೆ ಕಿವಿ ಸರಿಯಾಗಿ ಕೇಳುತ್ತಿರಲಿಲ್ಲ. ಬಾಲದ ಮಾತೇ ಜೀವಾಳವಾದ ವೃತ್ತಿಯಲ್ಲಿ ಅವರು ಎದುರಿನವರ ತುಟಿಯ ಚಲನೆ ನೋಡಿ ಮಾತು ಹಿಡಿದು, ರಂಗದಲ್ಲೂ ಆಮೇಲೆ ಚಿತ್ರರಂಗದಲ್ಲೂ ದಶಕಗಳ ಕಾಲ ಜನರನ್ನು ನಗಿಸಿದರು. ಗದಗಿನಲ್ಲಿ ಪಂಚಾಕ್ಷರಿ ಗವಾಯಿಗಳು ಅಂಧ ಮಕ್ಕಳಿಗೆ ಅನ್ನ ಮತ್ತು ಸಂಗೀತ ಎರಡನ್ನೂ ಕೊಡಲು ನಾಟಕ ಕಂಪನಿಯನ್ನೇ ಕಟ್ಟಿದರು. ಅವರ ನಂತರ ಪುಟ್ಟರಾಜ ಗವಾಯಿಗಳು ತಾವೇ ನಾಟಕ ಬರೆದು ಅದನ್ನು ಮುಂದುವರಿಸಿದರು. ಟಿಕೆಟಿನ ಹಣದಿಂದ ಆಶ್ರಮದ ಒಲೆ ಉರಿಯಿತು. ಕಂಪನಿ ನಾಟಕವನ್ನು ಬರೀ ಮೋಜು ಎನ್ನುವವರಿಗೆ ನಾನು ಯಾವಾಗಲೂ ಇದನ್ನು ನೆನಪಿಸುತ್ತೇನೆ.

ದಿನಚರಿ ಎಂದರೆ ರಾತ್ರಿಚರಿ. ಒಂಬತ್ತು ಹತ್ತಕ್ಕೆ ನಾಂದಿ, ಮಂಗಳ ಹಾಡುವ ಹೊತ್ತಿಗೆ ಕೋಳಿ ಕೂಗುವುದೂ ಇತ್ತು. ಧ್ವನಿವರ್ಧಕ ಬರುವ ಮೊದಲು ಕುರ್ಚಿ, ಬೆಂಚುಗಳನ್ನು ದಾಟಿ ಹಿಂದಿನ ನೆಲದವರಿಗೂ ಮಾತು ಮುಟ್ಟಬೇಕಿತ್ತು. ಕಂಪನಿ ನಟರ ಮಾತಿನ ಎಳೆತ, ತುಂಬು ಕಂಠ, ಕೈಬೀಸು ಇವೆಲ್ಲ ಇಂದಿನವರಿಗೆ ಅತಿಯಾಗಿ ಕಾಣುತ್ತವೆ. ಗ್ಯಾಸ್‌ಲೈಟಿನ ಬೆಳಕಿನಲ್ಲಿ ಸಾವಿರ ಜನರ ಮುಂದೆ ಬರಿಗಂಟಲಿನಲ್ಲಿ ನಿಂತು ಮಾಡಿದ ಅಭಿನಯವದು, ಬೇರೆ ರೀತಿ ಮಾಡಿದ್ದರೆ ಯಾರಿಗೂ ಕೇಳುತ್ತಿರಲಿಲ್ಲ, ಕಾಣುತ್ತಿರಲಿಲ್ಲ. ಒಳ್ಳೆಯ ಹಾಡಿಗೆ ‘ಒನ್ಸ್ ಮೋರ್’ ಬರುತ್ತಿತ್ತು. ಸತ್ತುಬಿದ್ದ ಪಾತ್ರ ಎದ್ದು ನಿಂತು ಅದೇ ಹಾಡು ಮತ್ತೆ ಹಾಡಿ ಮತ್ತೆ ಸತ್ತ ಕಥೆಗಳು ಎಲ್ಲ ಕಂಪನಿಗಳಲ್ಲೂ ಇವೆ. ಹಾಸ್ಯದವರಿಗೆ ಒನ್ಸ್ ಮೋರ್ ಇನ್ನೂ ಕಷ್ಟ, ಏಕೆಂದರೆ ಎರಡನೇ ಸಲಕ್ಕೆ ಅದೇ ಮಾತು ನಗು ತರುವುದಿಲ್ಲ. ಅಲ್ಲೇ, ಆಗಲೇ ಹೊಸದು ಕಟ್ಟಬೇಕು. ಮಾಸ್ಟರ್ ಹಿರಣ್ಣಯ್ಯನವರು ಈ ಕಲೆಯನ್ನು ತುದಿ ಮುಟ್ಟಿಸಿದರು. ಅವರ ‘ಲಂಚಾವತಾರ’ ಸಾವಿರಾರು ಪ್ರದರ್ಶನ ಕಂಡರೂ ಒಂದು ರಾತ್ರಿಯ ಮಾತು ಇನ್ನೊಂದು ರಾತ್ರಿಯಂತೆ ಇರಲಿಲ್ಲ, ಬೆಳಗಿನ ಪತ್ರಿಕೆಯ ಸುದ್ದಿ ಸಂಜೆ ರಂಗದ ಮೇಲೆ ಬರುತ್ತಿತ್ತು.

ಈಗ ಹಣದ ವಿಷಯ. ನಿಮ್ಮ ಮನೆಯವರ ಮಾತು ನೋವಿನಿಂದ ಬಂದದ್ದು, ಅದನ್ನು ನಾನು ತಳ್ಳಿಹಾಕುವುದಿಲ್ಲ. ಆದರೆ ‘ಉಳಿಸಲಿಲ್ಲ’ ಎಂಬ ದೂರನ್ನು ತಾತನ ತಲೆಗೆ ಕಟ್ಟುವ ಮೊದಲು ಆ ವೃತ್ತಿಯ ಲೆಕ್ಕ ನೋಡಬೇಕು.

ನಟನಿಗೆ ತಿಂಗಳ ಸಂಬಳ ಗೊತ್ತುಮಾಡುತ್ತಿದ್ದರು, ಜೊತೆಗೆ ಕಂಪನಿ ಮನೆಯಲ್ಲಿ ವಾಸ, ಕಂಪನಿ ಅಡುಗೆಮನೆಯಲ್ಲಿ ಊಟ. ಕೇಳಲು ಭದ್ರವಾಗಿದೆ. ಆದರೆ ಸಂಬಳಕ್ಕಿಂತ ದೊಡ್ಡದು ಮುಂಗಡ. ತಂಗಿಯ ಮದುವೆ, ತಾಯಿಯ ಕಾಯಿಲೆ, ಊರಿನ ಸಾಲ, ಏನೇ ಬಂದರೂ ನಟ ಮಾಲೀಕರ ಬಳಿ ಮುಂಗಡ ಪಡೆಯುತ್ತಿದ್ದ. ಅದು ತೀರುವವರೆಗೆ ಬೇರೆ ಕಂಪನಿಗೆ ಹೋಗುವಂತಿಲ್ಲ. ಬೇರೆ ಕಂಪನಿಗೆ ಅವನು ಬೇಕೇಬೇಕು ಎಂದಾದರೆ ಆ ಮಾಲೀಕರು ಹಳೆಯ ಮುಂಗಡ ತೀರಿಸಿ ಕರೆದೊಯ್ಯುತ್ತಿದ್ದರು, ಆಗ ಅದೇ ಸಾಲ ಹೊಸ ಮಾಲೀಕರ ಲೆಕ್ಕಕ್ಕೆ ಏರುತ್ತಿತ್ತು. ಹೀಗೆ ನಟನೊಬ್ಬ ಮೂರು ಕಂಪನಿ ಬದಲಿಸಿದರೂ ಸಾಲ ಅವನನ್ನು ಬದಲಿಸುತ್ತಿರಲಿಲ್ಲ. ಕೈಗೆ ಬರುತ್ತಿದ್ದುದು ಕಡಿತ ಕಳೆದ ಉಳಿಕೆ.

ಮಾಲೀಕರನ್ನು ಇದರಲ್ಲಿ ಖಳರನ್ನಾಗಿ ನೋಡುವುದೂ ಪೂರ್ತಿ ನ್ಯಾಯವಲ್ಲ. ಒಂದು ಕ್ಯಾಂಪು ಹಾಕಬೇಕಾದರೆ ಜಾಗದ ಬಾಡಿಗೆ, ತಗಡು ಗಳುಗಳ ಥಿಯೇಟರು, ಪರವಾನಗಿ, ಸಾಮಾನು ಸಾಗಣೆ, ನೂರಾರು ಹೊಟ್ಟೆಗಳ ಅನ್ನ. ಮಳೆ ಹಿಡಿದರೆ ಕಲೆಕ್ಷನ್ ಇಲ್ಲ. ಊರಿಗೆ ಪ್ಲೇಗು, ಕಾಲರಾ ಬಂದರೆ ಜನ ಊರನ್ನೇ ಬಿಡುತ್ತಿದ್ದರು. ಆಗ ನಟರಿಗೆ ಅರ್ಧ ಸಂಬಳ, ಆಮೇಲೆ ಬರೀ ಊಟ, ಆಮೇಲೆ ಅದೂ ಇಲ್ಲ. ಕ್ಯಾಂಪು ಬಿದ್ದ ಊರಿನಿಂದ ಹೊರಡಲು ಪರದೆಗಳನ್ನು, ಒಡವೆ ಪೆಟ್ಟಿಗೆಯನ್ನು ಅಂಗಡಿಯವರಿಗೆ ಅಡವಿಟ್ಟ ಕಂಪನಿಗಳು ಒಂದೆರಡಲ್ಲ. ನಟನಿಗೆ ಒಟ್ಟಿಗೆ ಒಂದಿಷ್ಟು ಹಣ ಕಾಣುತ್ತಿದ್ದುದು ಅವನ ಹೆಸರಿನಲ್ಲಿ ನಡೆಯುವ ಬೆನಿಫಿಟ್ ನಾಟಕದ ರಾತ್ರಿ. ಆದರೆ ಬೆನಿಫಿಟ್ ನಾಟಕಕ್ಕೆ ಜನ ಬರುತ್ತಿದ್ದುದು ರಾಜಾಪಾರ್ಟಿನವರ, ಸ್ತ್ರೀಪಾರ್ಟಿನವರ, ಮೊದಲನೇ ಕಾಮಿಕ್‌ನ ಹೆಸರಿಗೆ. ಎರಡನೆಯವನ ಹೆಸರು ಕರಪತ್ರದ ತಲೆಗೆ ಏರುವುದು ಅಪರೂಪ. ಪಿಂಚಣಿ ಇಲ್ಲ, ವಿಮೆ ಇಲ್ಲ. ಗಂಟಲು ಹೋದ ದಿನ ಉದ್ಯೋಗ ಹೋಯಿತು. ಇಂಥ ಏರ್ಪಾಡಿನಲ್ಲಿ ಕಾಸು ಉಳಿಯದಿರುವುದು ನಿಯಮ, ಉಳಿದರೆ ಅದು ಅಪವಾದ.

ವೀರಣ್ಣನವರ ಜೊತೆ ತಾತನನ್ನು ಹೋಲಿಸಿದ್ದೀರಿ. ವೀರಣ್ಣನವರು 1891ರಲ್ಲಿ ಹುಟ್ಟಿದವರು. ಚಿಕ್ಕ ಹುಡುಗನಾಗಿಯೇ ಗುಬ್ಬಿ ಕಂಪನಿ ಸೇರಿ, ಹಾಸ್ಯನಟರಾಗಿ ಬೆಳೆದು, ‘ಸದಾರಮೆ’ಯ ಕಳ್ಳನ ಪಾತ್ರದಿಂದ ಮನೆಮಾತಾದರು. ಆದರೆ ಅವರನ್ನು ಎತ್ತರಕ್ಕೆ ಒಯ್ದದ್ದು ಕಳ್ಳನ ಪಾತ್ರವೊಂದೇ ಅಲ್ಲ. 1917ರಲ್ಲಿ ಕಂಪನಿಯ ಒಡೆತನ ಅವರ ಕೈಗೆ ಬಂತು. ಅಲ್ಲಿಂದ ಅವರು ಬರೀ ನಟರಲ್ಲ, ಕಲೆಕ್ಷನ್ ಪೆಟ್ಟಿಗೆಯ ಒಡೆಯರು. ಆ ಒಡೆತನವನ್ನು ಅವರು ಬಳಸಿದ ರೀತಿಯೇ ಅವರ ದೊಡ್ಡತನ. ಬಂದ ಹಣವನ್ನು ಮತ್ತೆ ರಂಗದ ಮೇಲೇ ಸುರಿದರು. ಬೆಳ್ಳಾವೆ ನರಹರಿ ಶಾಸ್ತ್ರಿಗಳಿಂದ, ಬಿ. ಪುಟ್ಟಸ್ವಾಮಯ್ಯನವರಿಂದ ನಾಟಕ ಬರೆಸಿದರು. 1934ರಲ್ಲಿ ಬೆಂಗಳೂರಿನಲ್ಲಿ ‘ಕುರುಕ್ಷೇತ್ರ’ ಆಡಿದಾಗ ನಿಜವಾದ ಆನೆ, ಕುದುರೆಗಳೇ ರಂಗದ ಮೇಲೆ ಬಂದವು. ಸ್ತ್ರೀಪಾತ್ರಗಳಿಗೆ ಸ್ತ್ರೀಯರನ್ನೇ ಧೈರ್ಯವಾಗಿ ತಂದವರಲ್ಲಿ ಅವರು ಮುಂಚೂಣಿಯವರು. ಅವರ ಪತ್ನಿ ಬಿ. ಜಯಮ್ಮ ನಟಿಯಾಗಿ, ಗಾಯಕಿಯಾಗಿ ತಮ್ಮದೇ ಹೆಸರು ಗಳಿಸಿದರು.

ಮನುಷ್ಯರ ಮೇಲೆ ಅವರು ಹೂಡಿದ ಹಣ ಇನ್ನೂ ದೊಡ್ಡದು. ಕಂಪನಿಯ ಹುಡುಗ ಕಾರಂತರನ್ನು ಓದಲು ಕಾಶಿಗೆ ಕಳಿಸಿದರು. ಆ ಹುಡುಗ ಹಿಂದಿ ಎಂ.ಎ. ಮಾಡಿ, ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯಲ್ಲಿ ಕಲಿತು, ಆಧುನಿಕ ಕನ್ನಡ ರಂಗಭೂಮಿಯ ದಿಕ್ಕನ್ನೇ ಬದಲಿಸಿದರು. 1989ರಲ್ಲಿ ಮೈಸೂರಿನಲ್ಲಿ ಆರಂಭವಾದ ಸರ್ಕಾರಿ ನಾಟಕ ಸಂಸ್ಥೆ ರಂಗಾಯಣದ ಮೊದಲ ನಿರ್ದೇಶಕರೂ ಅವರೇ. ಕಂಪನಿ ನಾಟಕ ಬೇರೆ, ಆಧುನಿಕ ನಾಟಕ ಬೇರೆ ಎಂದು ಗೋಡೆ ಕಟ್ಟುವವರು ಈ ಒಂದು ಕೊಂಡಿಯನ್ನು ಗಮನಿಸಬೇಕು. ಮೈಸೂರು ಮಹಾರಾಜರಿಂದ ‘ನಾಟಕರತ್ನ’ ಎನಿಸಿಕೊಂಡ ವೀರಣ್ಣನವರಿಗೆ 1955ರಲ್ಲಿ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ, 1972ರಲ್ಲಿ ಪದ್ಮಶ್ರೀ ಬಂತು. ಅದೇ ವರ್ಷ ಅವರು ತೀರಿಕೊಂಡರು. ತಮ್ಮ ಆತ್ಮಕಥೆಗೆ ಅವರು ಇಟ್ಟ ಹೆಸರು ‘ಕಲೆಯೇ ಕಾಯಕ’.

ಹಾಗಾಗಿ ವೀರಣ್ಣ ಏರಿದರು, ತಾತ ಏರಲಿಲ್ಲ ಎಂಬ ಪ್ರಶ್ನೆಯನ್ನು ಪ್ರತಿಭೆಯ ತಕ್ಕಡಿಯಲ್ಲಿ ತೂಗಬೇಡಿ. ನಡುವೆ ಇದ್ದದ್ದು ಒಡೆತನದ ಅಂತರ. ಮಾಲೀಕನಾದ ಹಾಸ್ಯನಟ ತನ್ನ ಹೆಸರನ್ನು ತಾನೇ ಕರಪತ್ರದ ತಲೆಗೆ ಏರಿಸಬಲ್ಲ, ಸಂಬಳದ ಹಾಸ್ಯನಟ ಏರಿಸಲಾರ. ದಾವಣಗೆರೆಯ ಚಿಂದೋಡಿ ಲೀಲಾ ಅವರ ಹೆಸರು ಇಂದಿಗೂ ಜನರ ಬಾಯಲ್ಲಿ ಇರುವುದಕ್ಕೆ ಅವರ ಅಭಿನಯದಷ್ಟೇ ಕೆ.ಬಿ.ಆರ್. ಡ್ರಾಮಾ ಕಂಪನಿ ಅವರ ಮನೆತನದ್ದು ಎಂಬುದೂ ಕಾರಣ.

ಒಡೆತನವೂ ಕೊನೆಯವರೆಗೆ ಕಾಯುತ್ತಿರಲಿಲ್ಲ ಎಂಬುದಕ್ಕೆ ಏಣಗಿ ಬಾಳಪ್ಪನವರ ಬದುಕು ನೋಡಿ. 1914ರಲ್ಲಿ ಸವದತ್ತಿ ಸೀಮೆಯ ಏಣಗಿಯಲ್ಲಿ ಹುಟ್ಟಿ, ಬಾಲನಟನಾಗಿ, ಸ್ತ್ರೀಪಾತ್ರಧಾರಿಯಾಗಿ, ನಾಯಕನಾಗಿ, ಆಮೇಲೆ ಕಲಾವೈಭವ ನಾಟ್ಯ ಸಂಘದ ಮಾಲೀಕರಾಗಿ ಅವರು ಎಲ್ಲ ಮೆಟ್ಟಿಲುಗಳನ್ನೂ ಹತ್ತಿದರು. ‘ಜಗಜ್ಯೋತಿ ಬಸವೇಶ್ವರ’ದಲ್ಲಿ ಅವರು ಬಸವಣ್ಣನಾಗಿ ಬಂದಾಗ ಜನ ಎದ್ದು ಕೈಮುಗಿಯುತ್ತಿದ್ದರು. ಆ ಕಂಪನಿಯನ್ನೂ ಕೊನೆಗೆ ಮುಚ್ಚಬೇಕಾಯಿತು. ಅವರು ಮಾತ್ರ ನೂರು ದಾಟಿ, 2017ರಲ್ಲಿ ತೀರಿಕೊಳ್ಳುವವರೆಗೂ ರಂಗಗೀತೆಗಳ ಜೀವಂತ ಭಂಡಾರವಾಗಿ ಉಳಿದರು.

ತಾತ ಸೇರಿದ ಕಾಲವೂ ಗಮನಿಸಬೇಕಾದದ್ದು. 1934ರಲ್ಲಿ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ ತೆರೆಗೆ ಬಂತು. ಅದರ ಇಂದ್ರಜಿತು ಸುಬ್ಬಯ್ಯ ನಾಯ್ಡು, ರಾವಣ ಆರ್. ನಾಗೇಂದ್ರರಾಯರು, ಇಬ್ಬರೂ ಕಂಪನಿ ರಂಗದವರೇ. ಇಪ್ಪತ್ತು ವರ್ಷದ ಬಳಿಕ, 1954ರಲ್ಲಿ, ‘ಬೇಡರ ಕಣ್ಣಪ್ಪ’ ಬಂದಾಗ ಅದರ ನಿರ್ಮಾಣದಲ್ಲಿ ವೀರಣ್ಣನವರ ಪಾಲಿತ್ತು. ಗುಬ್ಬಿ ಕಂಪನಿಯ ನಟ ಸಿಂಗಾನಲ್ಲೂರು ಪುಟ್ಟಸ್ವಾಮಯ್ಯನವರ ಮಗ ಮುತ್ತುರಾಜ್ ಅದರಲ್ಲಿ ರಾಜ್‌ಕುಮಾರ್ ಆದರು, ಕಂಪನಿಗಳಲ್ಲಿ ಪಳಗಿದ ನರಸಿಂಹರಾಜು ಹಾಸ್ಯಕ್ಕೆ ಬಂದರು. ಅಂದರೆ ನಿಮ್ಮ ತಾತನ ವೃತ್ತಿಜೀವನ ಪೂರ್ತಿ, ಸಿನಿಮಾವು ನಾಟಕ ಕಂಪನಿಗಳ ಪ್ರೇಕ್ಷಕರನ್ನೂ ನಟರನ್ನೂ ಸೆಳೆದುಕೊಳ್ಳುತ್ತಿದ್ದ ಕಾಲದಲ್ಲೇ ಕಳೆದಿದೆ. ಸಿನಿಮಾಕ್ಕೆ ಮೊದಲನೇ ಕಾಮಿಕ್ ಬೇಕಿತ್ತು. ಎರಡನೆಯವನು ಬೇಕಿರಲಿಲ್ಲ, ಏಕೆಂದರೆ ಅಲ್ಲಿ ಬೀದಿ ಪರದೆ ಇಲ್ಲ, ದೃಶ್ಯ ಬದಲಾಯಿಸಲು ಕತ್ತರಿ ಸಾಕು. ಅವರು ಸೋತದ್ದಲ್ಲ, ಅವರ ಕೆಲಸವೇ ಇಲ್ಲವಾಯಿತು. ಇದನ್ನು ಮನೆಯವರಿಗೆ ದಯವಿಟ್ಟು ಓದಿ ಹೇಳಿ.

ಇನ್ನೊಂದು ಕೋರಿಕೆ. ಟ್ರಂಕಿನಲ್ಲಿ ಕರಪತ್ರ, ನಾಟಕದ ಹಾಡುಗಳ ಸಣ್ಣ ಪುಸ್ತಕ, ಫೋಟೋ ಏನಿದ್ದರೂ ಎಸೆಯಬೇಡಿ. ಹಾಡಿನ ಪುಸ್ತಕಗಳನ್ನು ಕಂಪನಿಗಳು ಥಿಯೇಟರಿನ ಬಾಗಿಲಲ್ಲೇ ಅಗ್ಗದ ಬೆಲೆಗೆ ಮಾರುತ್ತಿದ್ದವು, ಹೆಚ್ಚಿನವು ಕಳೆದುಹೋಗಿವೆ. ಕರಪತ್ರದ ಕೆಳಭಾಗದಲ್ಲಿ ಸಣ್ಣ ಅಕ್ಷರದಲ್ಲಿರುವ ಪಾತ್ರವರ್ಗವನ್ನು ಹುಡುಕಿ, ತಾತನ ಹೆಸರು ಅಲ್ಲಿ ಸಿಗಬಹುದು. ಪಾತ್ರದ ಪುಸ್ತಕದ ಪ್ರತಿ ಪುಟದ ಚಿತ್ರ ತೆಗೆದು ಕರ್ನಾಟಕ ನಾಟಕ ಅಕಾಡೆಮಿಯವರಿಗೆ ತೋರಿಸಿ. ನಾಯಕರ ಮಾತುಗಳು ಅಚ್ಚಾಗಿವೆ, ಬೀದಿ ಪರದೆಯ ಮುಂದಿನ ಮಾತುಗಳನ್ನು ಯಾರೂ ಅಚ್ಚು ಮಾಡಲಿಲ್ಲ.

ಈಗ ಹಾಗೆ ಬದುಕಬಹುದೇ ಎಂದು ಕೇಳಿದ್ದೀರಿ. ಬದುಕುತ್ತಿರುವವರು ಇದ್ದಾರೆ, ಬಹುಪಾಲು ಉತ್ತರ ಕರ್ನಾಟಕದಲ್ಲಿ. ಬಾದಾಮಿಯ ಬನಶಂಕರಿ ಜಾತ್ರೆ ಬನದ ಹುಣ್ಣಿಮೆಗೆ, ಸಾಮಾನ್ಯವಾಗಿ ಜನವರಿಯಲ್ಲಿ, ಬರುತ್ತದೆ. ಅಲ್ಲಿ ಹಲವು ಕಂಪನಿಗಳು ಅಕ್ಕಪಕ್ಕದಲ್ಲೇ ಥಿಯೇಟರು ಹಾಕುತ್ತವೆ, ಒಂದೇ ದಿನ ಹಲವು ಪ್ರದರ್ಶನ ಕೊಡುತ್ತವೆ. ಪೌರಾಣಿಕ ನಾಟಕಗಳ ಜಾಗದಲ್ಲಿ ಈಗ ಸಾಮಾಜಿಕ ನಾಟಕ, ಅದರಲ್ಲೂ ಹಾಸ್ಯವೇ ಪ್ರಧಾನ. ದ್ವಂದ್ವಾರ್ಥದ ಮಾತು ಹೆಚ್ಚಾಗಿದೆ ಎಂಬ ದೂರಿದೆ, ಅದರಲ್ಲಿ ನಿಜವೂ ಇದೆ. ಆದರೆ ಟಿಕೆಟು ಕೊಂಡು ಬಂದ ಜನರನ್ನು ಮೂರು ಗಂಟೆ ಹಿಡಿದು ಕೂರಿಸುವ ವಿದ್ಯೆ ಅಲ್ಲಿ ಇನ್ನೂ ಉಳಿದಿದೆ, ಅದನ್ನು ಕಡೆಗಣಿಸುವವರ ಜೊತೆ ನಾನು ಸೇರಲಾರೆ. ದಾವಣಗೆರೆಯಲ್ಲಿ ಸರ್ಕಾರ ವೃತ್ತಿ ರಂಗಭೂಮಿಗೆಂದೇ ರಂಗಾಯಣ ಆರಂಭಿಸಿದೆ. ಕಷ್ಟದಲ್ಲಿರುವ ಹಿರಿಯ ಕಲಾವಿದರಿಗೆ ಕನ್ನಡ ಮತ್ತು ಸಂಸ್ಕೃತಿ ಇಲಾಖೆ ಮಾಸಾಶನ ಕೊಡುತ್ತದೆ, ನಿಮ್ಮ ತಾತನ ಕಾಲದಲ್ಲಿ ಅಷ್ಟೂ ಇರಲಿಲ್ಲ.

ಯಾರಾದರೂ ಎಳೆಯರು ಈ ದಾರಿಗೆ ಬರುತ್ತೇನೆ ಎಂದರೆ ನಾನು ಬೇಡವೆನ್ನುವುದಿಲ್ಲ. ಮುಂಗಡ ಪಡೆಯುವ ಮೊದಲು ಲೆಕ್ಕವನ್ನು ಬರವಣಿಗೆಯಲ್ಲಿ ಇಟ್ಟುಕೊಳ್ಳಿ, ಮಳೆಗಾಲಕ್ಕೆ ಇನ್ನೊಂದು ಕೆಲಸ ಕಲಿತಿರಿ, ಕಂಠವನ್ನು ಕಾಪಾಡಿಕೊಳ್ಳಿ ಎಂದು ಮಾತ್ರ ಹೇಳುತ್ತೇನೆ. ನೀವೇ ಮುಂದಿನ ಬನಶಂಕರಿ ಜಾತ್ರೆಗೆ ಹೋಗುವುದಾದರೆ ಮುಂದಿನ ಸಾಲಿನ ಬದಿಯ ಕುರ್ಚಿ ಕೇಳಿ ಪಡೆಯಿರಿ. ಅಲ್ಲಿಂದ ಪಕ್ಕದ ರೆಕ್ಕೆಯ ಒಳಭಾಗ ಸ್ವಲ್ಪ ಕಾಣುತ್ತದೆ. ನಾಯಕ ನಾಯಕಿಯರನ್ನು ಎಲ್ಲರೂ ನೋಡುತ್ತಾರೆ, ನೀವು ಹಾಸ್ಯದ ಜೋಡಿಯಲ್ಲಿ ಕಡಿಮೆ ಮಾತಿನವನನ್ನು ನೋಡುತ್ತಿರಿ. ಅವನ ಕಣ್ಣು ಯಾವಾಗ ರೆಕ್ಕೆಯ ಕಡೆ ಹೊರಳುತ್ತದೆ, ಹೊರಳಿದ ಮೇಲೆ ಮಾತು ಹೇಗೆ ಉದ್ದವಾಗುತ್ತದೆ ಅಥವಾ ಗಿಡ್ಡವಾಗುತ್ತದೆ ಎಂಬುದನ್ನು ಗಮನಿಸಿ. ನಾಟಕ ಮುಗಿದ ಮೇಲೆ ಒಳಗೆ ಹೋಗಿ ಅವರನ್ನು ಮಾತಾಡಿಸಿ. ನಿಮ್ಮ ತಾತ ಏನು ಮಾಡುತ್ತಿದ್ದರು ಎಂದು ನನಗಿಂತ ಚೆನ್ನಾಗಿ ಅವರು ಹೇಳಬಲ್ಲರು.